ಸಬ್‌ಮರೀನಿನ ಅರ್ಧ ನಿಮ್ಮ ಗ್ಯಾರೇಜಿನಲ್ಲಿದೆ

ಮಾನ್ಮತ್ ಜಂಕ್ಷನ್, ನ್ಯೂ ಜರ್ಸಿ,
ಭಾನುವಾರ ಮಧ್ಯಾಹ್ನ

ಪ್ರಭಾಕರಣ್ಣ,

ಸಲಾಮು ಆಮೇಲೆ ಹೇಳುತ್ತೇನೆ, ಮೊದಲು ನನ್ನ ಬೈಗುಳ ಕೇಳಿಸಿಕೊಳ್ಳಿ. ಅಕ್ಟೋಬರಿನಿಂದ ನಮ್ಮ ಮನೆಯ ಕಡೆ ತಲೆ ಹಾಕಿಲ್ಲ. ನಾನು ಫೋನ್ ಮಾಡಿದರೆ ನಂದಿತಾ ಎತ್ತಿ, "ಅವರು ವಾಕಿಂಗ್ ಹೋಗಿದ್ದಾರೆ" ಅನ್ನುತ್ತಾಳೆ. ಹೊರಗೆ ಮೊಣಕಾಲುದ್ದ ಸ್ನೋ ಬಿದ್ದ ದಿನವೂ ನೀವು ವಾಕಿಂಗ್! ನಮ್ಮ ಮನೆಯವರೇನು ಕಮ್ಮಿಯಲ್ಲ. ಒವೈಸ್ ಮೊನ್ನೆ, "ಡ್ಯಾಡ್, ಜಸ್ಟ್ ಟೆಕ್ಸ್ಟ್ ಹಿಮ್" ಅಂದಿದ್ದಕ್ಕೆ ಅವನಿಗೆ ಇಡೀ ಸಂಜೆ ಮುಖ ತೋರಿಸಲಿಲ್ಲ. ಇಬ್ಬರು ಮುದುಕರ ಹಠ ನೋಡಿ ನೋಡಿ ನನಗೆ ಸಾಕಾಗಿದೆ. ಮೈಸೂರಿನ ಹೈಸ್ಕೂಲಿನಲ್ಲಿ ಕನ್ನಡ ಪಾಠ ಹೇಳಿದ ಕೈ ಇದು. ಈ ಕೈಯ ಕಾಗದವನ್ನು ಓದದೆ ಎಸೆಯುವ ಧೈರ್ಯ ನಿಮಗಿಲ್ಲ ಎಂದು ನಂಬಿ ಬರೆಯುತ್ತಿದ್ದೇನೆ.

ನಿಮಗೆ ಗೊತ್ತಿರುವುದನ್ನೇ ಮತ್ತೆ ಹೇಳುತ್ತೇನೆ, ಸಿಟ್ಟಿನಲ್ಲಿ ಮರೆತಿರಬಹುದು. ಪಾಯಿಂಟ್ ಪ್ಲೆಸೆಂಟಿನಿಂದ ನೀವಿಬ್ಬರೂ ಮೀನು ಹಿಡಿಯಲು ಬೋಟಿನಲ್ಲಿ ಹೋಗಿದ್ದಿರಿ. ಮೀನು ಒಂದೂ ಸಿಗಲಿಲ್ಲ. ನೀವು ವಾಂತಿ ಮಾಡಿಕೊಂಡು ಬೋಟಿನ ಅಂಚಿಗೆ ಜೋತುಬಿದ್ದಿದ್ದಾಗ ಬೋಟಿನವನು ಸಮುದ್ರದ ಕಡೆ ಕೈ ತೋರಿಸಿ, ಅಲ್ಲೆಲ್ಲೋ ತಳದಲ್ಲಿ ಯುದ್ಧಕಾಲದ ಜರ್ಮನ್ ಸಬ್‌ಮರೀನ್ ಒಂದು ಮಲಗಿದೆ ಎಂದನಂತೆ. ನಿಮ್ಮ ವಾಂತಿ ಅಲ್ಲಿಗೇ ನಿಂತುಹೋಯಿತು ಎಂದು ನಮ್ಮ ಮನೆಯವರು ಇವತ್ತಿಗೂ ನಗುತ್ತಾರೆ. ಬೆಂಗಳೂರಿನ ಒಂದೇ ಫ್ಯಾಕ್ಟರಿಯಲ್ಲಿ ಅವರು ಬಾಯ್ಲರ್ ವೆಲ್ಡಿಂಗ್, ನೀವು ಡೀಸೆಲ್ ಇಂಜಿನ್. ಇಲ್ಲಿಗೆ ಬಂದ ಮೇಲೆ ಅವರು ಔಷಧ ಕಂಪನಿಗಳ ಟ್ಯಾಂಕು ತಟ್ಟಿ ನೋಡುತ್ತ, ನೀವು ಪಾರ್ಸಿಪನಿಯಲ್ಲಿ ಕಂಪ್ಯೂಟರ್ ಕುಟ್ಟುತ್ತ ರಿಟೈರ್ ಆದಿರಿ. ಕೈಯಲ್ಲಿದ್ದ ನಿಜವಾದ ಕೆಲಸ ತುರಿಕೆಯಂತೆ ಉಳಿದುಕೊಂಡಿತ್ತೋ ಏನೋ. ಆ ಬೋಟಿನಿಂದ ಇಳಿಯುವ ಹೊತ್ತಿಗೆ ಅಂಥ ಸಬ್‌ಮರೀನಿನ ಮಾದರಿಯೊಂದನ್ನು ಕಟ್ಟುವುದೆಂದು ತೀರ್ಮಾನ ಆಗಿಹೋಗಿತ್ತು.

ಇಪ್ಪತ್ತರಲ್ಲಿ ಒಂದು ಪಾಲು ಅಳತೆ ಅಂದರೂ ಎರಡು ಆಳುದ್ದ. ನಮ್ಮ ಬೇಸ್‌ಮೆಂಟಿನ ಮೆಟ್ಟಿಲ ತಿರುವಿನಲ್ಲಿ ಅದು ಹೊರಗೆ ಬರುವುದು ಕನಸಿನ ಮಾತು. ನೀವೇ ಅಲ್ಲವೇ ಉಪಾಯ ಹೇಳಿದ್ದು? ಯುದ್ಧದ ಕೊನೆಯ ಕಾಲದಲ್ಲಿ ಜರ್ಮನ್ನರು ಸಬ್‌ಮರೀನುಗಳನ್ನು ತುಂಡು ತುಂಡಾಗಿ ಬೇರೆ ಬೇರೆ ಊರುಗಳಲ್ಲಿ ತಯಾರಿಸಿ, ಕಡೆಗೆ ಒಂದು ಕಡೆ ತಂದು ಜೋಡಿಸುತ್ತಿದ್ದರಂತೆ. "ನಾವೂ ಹಂಗೇ ಮಾಡೋಣ ಪೀರು. ಮೂತಿ ನಿಂದು, ಬಾಲ ನಂದು" ಎಂದಿರಿ. ಟಾರ್ಪೆಡೊ ಕೋಣೆಯಿಂದ ಕಂಟ್ರೋಲ್ ರೂಮಿನವರೆಗೆ ನಮ್ಮ ಮನೆಯಲ್ಲಿ, ಇಂಜಿನ್ ರೂಮಿನಿಂದ ಹಿಂದಕ್ಕೆ ಪಾರ್ಸಿಪನಿಯ ನಿಮ್ಮ ಗ್ಯಾರೇಜಿನಲ್ಲಿ.

ಮೊದಲು ನನಗೆ ಇದೆಲ್ಲ ಹುಚ್ಚಾಟ ಅನ್ನಿಸಿತ್ತು. ಆಮೇಲೆ ಟೀ ಕೊಡಲು ಕೆಳಗೆ ಹೋದವಳು ಅಲ್ಲೇ ಸ್ಟೂಲ್ ಹಾಕಿಕೊಂಡು ಕೂರುವಂತಾಯಿತು. ತಗಡನ್ನು ಇಷ್ಟಿಷ್ಟೇ ಬಾಗಿಸಿ, ಒಳಗಿನಿಂದ ಒಂದು ಸಲ, ಹೊರಗಿನಿಂದ ಒಂದು ಸಲ ಬೆಸುಗೆ ಹಾಕಿ ಅವರು ಹೇಳುತ್ತಿದ್ದರು: "ನೋಡು ನಾಸಿರಾ, ಸಮುದ್ರ ಎಲ್ಲಾ ಕಡೆಯಿಂದ್ಲೂ ಒತ್ತುತ್ತೆ. ಒಂದು ಬೆಸುಗೆ ಸುಳ್ಳು ಹೇಳಿದ್ರೆ ಐವತ್ತು ಜನ ಮುಗೀತು." ಅಡುಗೆಮನೆ ತೋರಿಸಿದರು. ಯಾ ಅಲ್ಲಾಹ್! ನಿಜವಾದ ಹಡಗಿನಲ್ಲೂ ಅದು ನನ್ನ ಪ್ಯಾಂಟ್ರಿಯಷ್ಟು ಇರಲಿಲ್ಲವಂತೆ. ಹತ್ತು ಜನಕ್ಕೆ ಬಿರಿಯಾನಿ ಮಾಡುವಾಗ ಒಲೆ ಸಾಲದೆಂದು ಪಕ್ಕದ ಮನೆಗೆ ಓಡುವವಳು ನಾನು. ಅಡುಗೆಯವನ್ಯಾರೋ ಆ ಗೂಡಿನಲ್ಲಿ ನಿಂತು, ತೂರಾಡುತ್ತ, ಐವತ್ತು ಹೊಟ್ಟೆಗೆ ವಾರಗಟ್ಟಲೆ ಅನ್ನ ಹಾಕಿದ. ಇರುವ ಎರಡು ಕಕ್ಕಸಿನಲ್ಲಿ ಒಂದರ ತುಂಬ ಆಲೂಗಡ್ಡೆ ಮೂಟೆ. ಒಬ್ಬ ಎದ್ದ ಹಾಸಿಗೆಯ ಬಿಸಿ ಆರುವ ಮೊದಲೇ ಇನ್ನೊಬ್ಬ ಮಲಗಬೇಕು. ಕ್ಯಾಪ್ಟನ್ನನ ಕೋಣೆಗೆ ಬಾಗಿಲೂ ಇಲ್ಲ, ಒಂದು ಪರದೆ ಅಷ್ಟೇ. ಆ ಪರದೆಯನ್ನು ನನ್ನ ಹಳೆಯ ಹಸಿರು ದುಪಟ್ಟಾ ಹರಿದು ನಾನೇ ಹೊಲಿದುಕೊಟ್ಟೆ. ಆ ಸಬ್‌ಮರೀನಿನವರು ಮಾಡಿದ ಕೆಲಸ ಕೊಲೆ ಎಂದು ನನಗೆ ಗೊತ್ತು. ಆದರೆ ಆ ಕೈಗೆಲಸ, ಆ ಸಹನೆ ಎರಡನ್ನೂ ಮೆಚ್ಚದೆ ಇರಲು ನನ್ನಿಂದ ಆಗಲಿಲ್ಲ. ಕೊನೆಯ ವರ್ಷಗಳಲ್ಲಿ ಇವನ್ನು ಕಟ್ಟಲು ಸೆರೆಯಾಳುಗಳನ್ನು ಹೊಡೆದು ಬಡಿದು ದುಡಿಸಿಕೊಂಡರು ಎಂದು ನೀವು ಓದಿ ಹೇಳಿದ ದಿನ ಮಾತ್ರ ಮೂವರೂ ಟೀ ಕುಡಿಯದೆ ಎದ್ದೆವು, ನೆನಪಿದೆಯೇ?

ಆಮೇಲೆ ಬಂತು ಆ ಅಕ್ಟೋಬರಿನ ಶನಿವಾರ. ಪಕ್ಕದ ಮನೆಯ ಸಾರಾ ಎಲೆ ಗುಡಿಸುತ್ತಿದ್ದರು. ಎಂಬತ್ತನಾಲ್ಕರ ವಯಸ್ಸಿನಲ್ಲೂ ಲ್ಯಾಂಡ್‌ಸ್ಕೇಪಿಂಗ್‌ನವರನ್ನು ಹತ್ತಿರ ಸೇರಿಸದ ಹೆಂಗಸು. ನಮ್ಮ ಡ್ರೈವ್‌ವೇಯಲ್ಲಿ ನಿಮ್ಮ ಜೊತೆ ಅದೂ ಇದೂ ಮಾತಾಡುತ್ತ, ತಾನು ತೊಟ್ಟಿಲಲ್ಲಿದ್ದಾಗಲೇ ತಂದೆ ಹೋದರು, ಎಣ್ಣೆ ಹಡಗಿನ ಇಂಜಿನ್ನಿಗೆ ಎಣ್ಣೆ ಬಿಡುವ ಕೆಲಸದಲ್ಲಿದ್ದರು, ನಲವತ್ತೆರಡರ ಚಳಿಗಾಲದಲ್ಲಿ ಇದೇ ಜರ್ಸಿ ತೀರದಾಚೆ ಜರ್ಮನ್ ಸಬ್‌ಮರೀನ್ ಆ ಹಡಗನ್ನು ಹೊಡೆಯಿತು ಎಂದು ಹೇಳಿ, ಮತ್ತೆ ಎಲೆ ಗುಡಿಸತೊಡಗಿದರು.

ನೀವು ಬಿಳಿಚಿಕೊಂಡು ಒಳಗೆ ಬಂದಿರಿ. "ಇಲ್ಲಿಗೇ ನಿಲ್ಲಿಸೋಣ ಪೀರು. ಅವರ ತಂದೇನ ಕೊಂದಂಥ ಹಡಗನ್ನ ಅವರ ಮನೆ ಗೋಡೆ ಪಕ್ಕ ಕೂತು ಪಾಲಿಶ್ ಮಾಡ್ತಿದ್ದೀವಲ್ಲೋ, ಮನುಷ್ಯತ್ವ ಇದೆಯಾ ನಮಗೆ?" ಅಂದಿರಿ. ಅದಕ್ಕೆ ನಮ್ಮ ಮನೆಯವರು, "ಬಚ್ಚಿಟ್ಟು ಮಾಡಿದ್ರೆ ಮನುಷ್ಯತ್ವ ಇಲ್ಲ. ನಾನು ಅವರಿಗೆ ತೋರಿಸ್ತೀನಿ. ಬೇಡ ಅಂತ ಅವರೇ ಅನ್ಲಿ" ಅಂದರು. "ನಿನಗೆ ಕಬ್ಬಿಣ ಬಿಟ್ರೆ ಬೇರೇನೂ ಕಾಣಲ್ಲ" ಎಂದು ನೀವು, "ನಿನಗೆ ಹೆದರಿಕೆ ಬಿಟ್ರೆ ಬೇರೇನೂ ಬರಲ್ಲ" ಎಂದು ಅವರು. ನಾನು ಪಕೋಡ ತಟ್ಟೆ ಹಿಡಿದು ಮೆಟ್ಟಿಲ ಮೇಲೇ ನಿಂತುಬಿಟ್ಟೆ. ನಿಮ್ಮ ಕಾರು ಹೊರಟ ಸದ್ದಿಗೆ ಸಾರಾ ಕೂಡ ತಲೆಯೆತ್ತಿ ನೋಡಿದರು.

ಅಂದು ನನ್ನ ಮನಸ್ಸು ನಿಮ್ಮ ಕಡೆಗೇ ಇತ್ತು ಅಣ್ಣ. ಆ ಮುದುಕಿಯ ಸಂಕಟಕ್ಕೆ ಅಷ್ಟು ಮಿಡಿದವರು ನೀವು. ನಮ್ಮ ಮನೆಯವರೂ ಬಾಯಲ್ಲಿ ಜೋರು ಮಾಡಿದರೇ ಹೊರತು ಮೂರು ತಿಂಗಳು ಸಾರಾಗೆ ಏನೂ ತೋರಿಸಲಿಲ್ಲ; ಬೇಸ್‌ಮೆಂಟಿನ ದೀಪವನ್ನೂ ಹಾಕಲಿಲ್ಲ.

ಜನವರಿಯಲ್ಲಿ ಸಾರಾ ನನ್ನ ಪಾತ್ರೆ ವಾಪಸ್ ಕೊಡಲು ಬಂದವರು, ಮೊದಲು ದಿನಾ ಟಕಟಕ ಸದ್ದು ಬರುತ್ತಿತ್ತು, ಈಗ ಯಾಕಿಲ್ಲ ಎಂದು ಕೇಳಿದರು. ನಾನು ನಲ್ಲಿ ಎಂದೆನೋ ಪೈಪು ಎಂದೆನೋ. ನಮ್ಮ ಮನೆಯವರು ಸೋಫಾದಿಂದ ಎದ್ದು ನಿಂತು ನಿಜ ಹೇಳಿಬಿಟ್ಟರು. ಸಾರಾ ಕೋಟು ಬಿಚ್ಚಿ ಕುರ್ಚಿಯ ಮೇಲಿಟ್ಟು, "ತೋರಿಸಿ" ಎಂದರು. ಅವರ ಇಂಗ್ಲಿಷನ್ನು ನನ್ನ ಕನ್ನಡದಲ್ಲಿ ಹೇಳುತ್ತಿದ್ದೇನೆ, ಆದರೆ ಮಾತು ಅವರದೇ.

ಮೆಟ್ಟಿಲ ಕಂಬಿ ಹಿಡಿದು ಒಂದೊಂದೇ ಮೆಟ್ಟಿಲಿಳಿದರು. ನೋಡಿದರು. "ಇಷ್ಟೇನಾ?" ಎಂದರು. ಅವರ ತಾಯಿ ಅದನ್ನು ಊರು ನುಂಗುವ ಪ್ರಾಣಿಯ ಹಾಗೆ ವರ್ಣಿಸುತ್ತಿದ್ದರಂತೆ. ಜರ್ಮನ್ನರು ಹಡಗುಗಳನ್ನು ಎಲ್ಲಿಂದ ನೋಡುತ್ತಿದ್ದರು ಎಂದು ಕೇಳಿದರು. ರಾತ್ರಿ ಮೇಲೆದ್ದು ಬಂದು, ಈ ಗೋಪುರದ ಮೇಲೆ ನಿಂತು ನೋಡುತ್ತಿದ್ದರು, ತೀರದ ಊರುಗಳಲ್ಲಿ ದೀಪ ಆರಿಸಿರಲಿಲ್ಲ, ಆ ಬೆಳಕಿಗೆ ಅಡ್ಡ ಬಂದ ಹಡಗು ಕಪ್ಪಗೆ ಕಾಣುತ್ತಿತ್ತು ಎಂದು ನಮ್ಮ ಮನೆಯವರು ಒಂದೂ ಮುಚ್ಚಿಡದೆ ಹೇಳಿದರು. ಒಳಗಿದ್ದವರಿಗೆ ಎಷ್ಟು ವಯಸ್ಸು? ಹೆಚ್ಚಿನವರಿಗೆ ಇಪ್ಪತ್ತು, ಇಪ್ಪತ್ತೆರಡು. "ನನ್ನ ತಂದೆಗೆ ಇಪ್ಪತ್ತಾರು" ಎಂದರು ಸಾರಾ. ಸಬ್‌ಮರೀನಿನ ಹುಡುಗರಲ್ಲೂ ನಾಲ್ವರಲ್ಲಿ ಮೂವರು ಮನೆಗೆ ಮರಳಲಿಲ್ಲ ಎಂದು ಇವರು ಹೇಳಿದಾಗ, "ಗುಡ್" ಎಂದರು. ಆಮೇಲೆ ನನ್ನ ಹಸಿರು ಪರದೆಯನ್ನು ಬೆರಳಲ್ಲಿ ಸರಿಸಿ ಒಳಗೆ ನೋಡಿ, "ಇಲ್ಲ. ಗುಡ್ ಅಲ್ಲ" ಎಂದರು.

ಮುಂದೆ ಕೇಳಿದ ಪ್ರಶ್ನೆಗಾಗಿಯೇ ಅಣ್ಣ, ಈ ಕಾಗದ. "ಇಂಜಿನ್ ರೂಮ್ ಎಲ್ಲಿ?"

ಇವರ ಕೈ ಕಂಟ್ರೋಲ್ ರೂಮಿನ ಹಿಂದಕ್ಕೆ ಹೋಯಿತು. ಅಲ್ಲಿ ಬರೀ ಗಾಳಿ, ಅದರಾಚೆ ನಮ್ಮ ವಾಷಿಂಗ್ ಮೆಷಿನ್. ಇವರು ತಲೆ ತಗ್ಗಿಸಿ, "ಪಾರ್ಸಿಪನಿಯಲ್ಲಿದೆ" ಎಂದರು. ಆಕೆ ನಗಬೇಕೋ ಬೇಡವೋ ತಿಳಿಯದೆ ನನ್ನ ಮುಖ ನೋಡಿದರು. ಕಡೆಗೆ ನಿಮ್ಮ ಜಗಳವನ್ನು ನಾನೇ ಹೇಳಿದೆ, ನೀವು ಅವರಿಗೆ ನೋವಾಗದಿರಲೆಂದೇ ಬಿಟ್ಟುಹೋದಿರಿ ಎಂದೂ ಹೇಳಿದೆ. ಸಾರಾ ನನ್ನ ಸ್ಟೂಲಿನ ಮೇಲೆ ಕೂತರು. "ನಿಮ್ಮ ಗೆಳೆಯರು ತುಂಬ ಒಳ್ಳೆಯವರು. ಆದರೆ ಹುಟ್ಟಿದಾಗಿನಿಂದ ಎಲ್ಲರೂ ನನ್ನ ಮುಂದೆ ದನಿ ತಗ್ಗಿಸಿಯೇ ಮಾತಾಡಿದ್ದಾರೆ. ಮನೆಯಲ್ಲಿ ಹಡಗು ಅನ್ನುವ ಹಾಗಿರಲಿಲ್ಲ. ನನ್ನ ತಂದೆ ಎಲ್ಲಿ ನಿಂತು ಕೆಲಸ ಮಾಡುತ್ತಿದ್ದರು ಎಂದು ನನಗೆ ಯಾರೂ ಹೇಳಲಿಲ್ಲ. ಅವರ ಹಡಗು ಸಮುದ್ರದ ಕೆಳಗಿದೆ. ಇದರೊಳಗೂ ಎಣ್ಣೆ ಬಿಡುವವನೊಬ್ಬ ಇದ್ದನಲ್ಲ, ಹಿಂದಿನ ಜೇಬಿನಲ್ಲಿ ಅರಿವೆ ಸಿಕ್ಕಿಸಿಕೊಂಡು? ಅವನು ನಿಂತ ಜಾಗವನ್ನಾದರೂ ನೋಡುತ್ತೇನೆ. ಈ ಸಬ್‌ಮರೀನಿನವರನ್ನು ನಾನು ಕ್ಷಮಿಸುವುದಿಲ್ಲ, ಅದನ್ನೂ ನಿಮ್ಮ ಗೆಳೆಯರಿಗೆ ಹೇಳಿ. ಆದರೆ ನೋಡಬೇಕು." ಇಂಥ ಹೆಂಗಸನ್ನು ನಾನು ನನ್ನ ಜನ್ಮದಲ್ಲಿ ನೋಡಿಲ್ಲ. ಆ ದಿನ ಅವರ ಕೈಗೆ ಮುತ್ತು ಕೊಡಬೇಕೆನ್ನಿಸಿತು, ಕೊಟ್ಟೂಬಿಟ್ಟೆ.

ಅಂದಿನಿಂದ ವಾರಕ್ಕೆರಡು ಸಲ ಬರುತ್ತಾರೆ. ಮೊನ್ನೆ ಬಿಸಿಲು ಬಿದ್ದಾಗ, ತಂದೆಯ ಹಡಗು ಇದರ ಮುಂದೆ ಎಷ್ಟಿತ್ತು ಎಂದು ಕೇಳಿದರು. ಇವರು ನೀಲಿ ಟೇಪು ತಂದು ಅದೇ ಅಳತೆಯಲ್ಲಿ ಎಣ್ಣೆ ಹಡಗಿನ ಆಕಾರವನ್ನು ಡ್ರೈವ್‌ವೇ ಮೇಲೆ ಎಳೆಯತೊಡಗಿದರು. ಗ್ಯಾರೇಜಿನಿಂದ ಹೊರಟ ಗೆರೆ ಮೇಲ್‌ಬಾಕ್ಸ್ ಹತ್ತಿರ ಹೋಗಿ ನಿಂತಿತು. ಪಕ್ಕದಲ್ಲಿ ನಮ್ಮ ಸಬ್‌ಮರೀನ್ ಇಟ್ಟರೆ ಎಮ್ಮೆಯ ಪಕ್ಕ ಮುಂಗುಸಿ ಇಟ್ಟ ಹಾಗೆ. ಸಾರಾ ಟೇಪಿನ ಒಳಗೆ ಕಾಲಿಟ್ಟು, ಹಿಂದಕ್ಕೆ ನಡೆಯುತ್ತ ಹೋಗಿ, ಇಂಜಿನ್ ಇದ್ದಿರಬಹುದಾದ ಕಡೆ ನಿಂತುಕೊಂಡರು. ಅಮೆಜಾನ್ ವ್ಯಾನಿನವನು ಪಾಪ, ಟೇಪು ತುಳಿಯದೆ ಹುಲ್ಲಿನ ಮೇಲೆ ಸುತ್ತಿಕೊಂಡು ಬಂದು ಡಬ್ಬ ಕೊಟ್ಟು ಹೋದ.

ಈಗ ಸಂಗತಿ ಹೀಗಿದೆ. ಸಾರಾ ಮನೆ ಮಾರಿದ್ದಾರೆ. ತಿಂಗಳ ಕೊನೆಗೆ ಆರಿಜೋನಾದಲ್ಲಿರುವ ಮಗನ ಮನೆಗೆ ಹೋಗುತ್ತಾರೆ, ಮತ್ತೆ ಬರುವುದಿಲ್ಲ. ಬರುವ ಶನಿವಾರ ನಮ್ಮ ಟೌನ್‌ಶಿಪ್ ಲೈಬ್ರರಿಯವರು ಪ್ರದರ್ಶನಕ್ಕೆ ಹಾಲ್ ಕೊಟ್ಟಿದ್ದಾರೆ. ನೆಲದ ಮೇಲೆ ಟೇಪಿನ ಹಡಗು, ಪಕ್ಕದಲ್ಲಿ ಸಬ್‌ಮರೀನ್. ಕಟ್ಟಿದವರು, ಹೊಡೆಸಿಕೊಂಡು ದುಡಿದವರು, ಮುಳುಗಿದವರು ಎಲ್ಲರ ಬಗ್ಗೆಯೂ ಗೋಡೆಯ ಮೇಲೆ ಬರಹ. ಮಾತಾಡುವವರು ಸಾರಾ. "ಪ್ರಭಾಕರ ಬರ್ದೇ ಇದ್ರೆ ಅರ್ಧಾನೇ ಇಡ್ತೀನಿ" ಎನ್ನುತ್ತಾರೆ ನಮ್ಮ ಮನೆಯವರು. ಹಾಗನ್ನುತ್ತಲೇ ಜೋಡಣೆಯ ಅಂಚನ್ನು ದಿನಾ ಅರದಿಂದ ಉಜ್ಜುತ್ತಾರೆ. ಅಂದಿನ ಹಡಗುಕಟ್ಟೆಗಳಲ್ಲೂ ದೂರದಿಂದ ಬಂದ ತುಂಡುಗಳು ಒಂದಕ್ಕೊಂದು ಸರಿಯಾಗಿ ಕೂರುತ್ತಿರಲಿಲ್ಲವಂತೆ. ಎರಡೂ ಕಡೆಯವರು ಎದುರುಬದುರು ನಿಂತೇ ತಿದ್ದಬೇಕಾಗಿತ್ತಂತೆ. ಅದನ್ನು ಫೋನಿನಲ್ಲಿ ಮಾಡಲು ಬರುವುದಿಲ್ಲ ಎಂದು ಗೋಡೆಗೆ ಹೇಳುವ ಹಾಗೆ ನನಗೆ ಹೇಳುತ್ತಾರೆ. ನಿಮ್ಮ ನೆನಪಾದಾಗಲೆಲ್ಲ ಅವರು ಗೋಡೆಯ ಜೊತೆಗೇ ಮಾತಾಡುವುದು.

ನಿಮ್ಮ ಇಂಜಿನ್ ನಿಜವಾಗಿ ತಿರುಗುತ್ತದೆಯೇ ಎಂದು ನಿನ್ನೆ ಸಾರಾ ಕೇಳಿದರು. ತಿರುಗದೆ ಏನು! ಕಳೆದ ಈದ್ ದಿನ ಶೀರ್‌ಕುರ್ಮಾ ಬಟ್ಟಲು ಕೆಳಗಿಡದೆ, ಒಂದೇ ಬೆರಳಲ್ಲಿ ಚಕ್ರ ತಿರುಗಿಸಿ ಒಂಬತ್ತೂ ಸಿಲಿಂಡರು ಕುಣಿಸಿ ತೋರಿಸಿದವರು ನೀವು ಎಂದೆ. ಅವರು ಮನೆಗೆ ಹೋಗಿ, ಅಂಗೈಯಲ್ಲಿ ಅಡಗುವಷ್ಟು ಚಿಕ್ಕ ಎಣ್ಣೆ ಡಬ್ಬಿ ತಂದರು. ಉದ್ದ ಮೂತಿಯ, ಬಣ್ಣ ಹೋದ ತಗಡಿನ ಡಬ್ಬಿ. ಕಡೆಯ ಸಲ ಹಡಗಿಗೆ ಹೊರಡುವ ಮುಂಚೆ ಅವರ ತಂದೆ ಅದರಿಂದಲೇ ಅವರ ತಾಯಿಯ ಹೊಲಿಗೆ ಮೆಷಿನ್ನಿಗೆ ಎಣ್ಣೆ ಬಿಟ್ಟು ಹೋಗಿದ್ದರಂತೆ. ಇಷ್ಟು ವರ್ಷ ಇಟ್ಟುಕೊಂಡಿದ್ದಾರೆ.

"ಆ ಇಂಜಿನ್ ಬಂದರೆ, ತಿರುಗಿಸುವ ಮೊದಲು ಒಂದು ಹನಿ ನಾನು ಬಿಡುತ್ತೇನೆ" ಎಂದರು.

ಡಬ್ಬಿ ಈಗ ನಮ್ಮ ಬೇಸ್‌ಮೆಂಟಿನಲ್ಲಿ, ಹಡಗು ಮುರಿದು ನಿಂತ ಕಡೆಯಲ್ಲೇ ಇದೆ. ನಮ್ಮ ಮನೆಯವರು ಅದಕ್ಕೆ ಹೊಸ ಎಣ್ಣೆ ತುಂಬಿಸಿಟ್ಟಿದ್ದಾರೆ.

ಅಣ್ಣ, ಬಾಲ ತನ್ನಿ.

ನಿಮ್ಮ ಕೈಗಳನ್ನು ಅಲ್ಲಾಹನು ನಡುಗದಂತೆ ಕಾಯಲಿ, ನಂದಿತಾಗೆ ನನ್ನ ಮುದ್ದು, ನಿಮಗೆ ಈಗ ಸಲಾಮು.

ಶನಿವಾರ ಬೆಳಿಗ್ಗೆ ನಾಲ್ಕು ಲೋಟ ಟೀಗೆ ನೀರಿಟ್ಟು ಬಾಗಿಲು ತೆರೆದಿಡುವ,
ನಿಮ್ಮ ತಂಗಿ
ನಾಸಿರಾ