ಕಾಲು ಹಿಡಿಯುವ ಕೆಲಸ

ಅಪ್ಪನಿಗೆ,

ನಿನ್ನೆ ನೀವು ನನ್ನ ಬೂಟಿನಂಗಡಿಯ ಗಾಜಿನಾಚೆ ನಿಂತದ್ದನ್ನು ಕಂಡೆ. ಕಂಡೂ, ಗಿರಾಕಿಯ ಲೇಸು ಕಟ್ಟುವ ನೆಪದಲ್ಲಿ ತಲೆ ತಗ್ಗಿಸಿದೆ. ಎತ್ತುವಷ್ಟರಲ್ಲಿ ನೀವು ಹೊರಟುಹೋಗಿದ್ದಿರಿ.

ನಾನು ಫುಟ್‌ಬಾಲ್ ಕ್ಲಬ್ಬಿಗೆ ಸೇರಿದ ದಿನ, "ನಿನ್ನ ಕಾಲನ್ನ ನಂಬು ಮಗಾ, ಯಾರ ಕಾಲೂ ಹಿಡೀಬೇಡ" ಅಂದಿದ್ದಿರಿ. ಆಟ ಬಿಟ್ಟು ಬಿಸಿನೆಸ್ ಶುರುಮಾಡಿದೆ ಎಂದು ನಿಮಗೆ ಹೇಳಿದೆನೇ ಹೊರತು, ಬೆಳಗಿನಿಂದ ಸಂಜೆವರೆಗೆ ಕಾಲು ಹಿಡಿಯುವುದೇ ಆ ಬಿಸಿನೆಸ್ಸು ಎನ್ನಲು ಬಾಯಿ ಬರಲಿಲ್ಲ. ನಾನು ಗೋಲು ಹೊಡೆದ ಫೋಟೋ ಗೋಡೆಯ ಮೇಲಿದೆ; ಅದರ ಕೆಳಗೇ ಮಂಡಿಯೂರುತ್ತೇನೆ. "ಯಾರಿದು?" ಎಂದು ಗಿರಾಕಿಗಳು ಕೇಳಿದರೆ, "ಯಾರೋ ಹಳೇ ಆಟಗಾರ" ಅಂದುಬಿಡುತ್ತೇನೆ.

ನಿನ್ನೆ ತಲೆ ತಗ್ಗಿಸಿದಾಗ ಗಾಜಿನಾಚೆ ನಿಮ್ಮ ಬೂಟು ಮಾತ್ರ ಕಾಣಿಸಿತು. ಎಡಗಾಲಿನದು ಬಾಯಿ ಬಿಟ್ಟಿದೆ. ಭಾನುವಾರ ಅಂಗಡಿಯ ಒಳಗೆ ಬನ್ನಿ, ಅಳತೆ ತೆಗೆಯುತ್ತೇನೆ. ನಿಮ್ಮ ಕಾಲು ಹಿಡಿದರೆ ನಿಮ್ಮ ಮಾತು ಮೀರಿದ ಹಾಗಾಗುವುದಿಲ್ಲ, ಅಲ್ಲವೇ?

ನಿಮ್ಮ ಮಗ