ಗುರುತಿಲ್ಲದ ಕಿವಿ

ಪ್ರೀತಿಯ ಅಪ್ಪಾ,

ರೇಕ್ಯಾವಿಕ್ ತಲುಪಿದೆ. ಮಂಡಿ ತರಚಿದ್ದು ಬಿಟ್ಟರೆ ಆರಾಮಾಗಿದ್ದೇನೆ. ಕೊಟ್ಟಿಗೆಯಲ್ಲಿ ಬಿಟ್ಟುಬಂದ ಉಣ್ಣೆಯ ತುಪ್ಪಟವನ್ನು ಬಸ್ಸಿಗೆ ಹಾಕಿ ಕಳಿಸು. ತೊಳೆಯಬೇಡ, ಪಾಚಿ ಅಂಟಿಕೊಂಡೇ ಇರಲಿ, ನನ್ನ ಕಲಾಪ್ರದರ್ಶನಕ್ಕೆ ಬೇಕು.

ನಾನು ಬೇಕಂತಲೇ ಹಾಗೆ ಮಾಡಿದೆನೆಂದು ಊರವರು ಆಡಿಕೊಳ್ಳುತ್ತಿದ್ದಾರಂತೆ. ಹಿಮ ಬೀಳಬಹುದೆಂದು ಬೆಟ್ಟದಿಂದ ಕುರಿ ಇಳಿಸುವ ದಿನವನ್ನು ನೀವೆಲ್ಲ ಮುಂಚೆಯೇ ಇಟ್ಟುಕೊಂಡದ್ದು ನನಗೇನು ಗೊತ್ತು? ಕುರಿಯ ಮೈಗೆ ಬೆಟ್ಟ ಹೇಗಿರುತ್ತದೆಂದು ವಿಡಿಯೊ ಮಾಡಲು ತುಪ್ಪಟ ಹೊದ್ದು ಅಂಬೆಗಾಲಿಡುತ್ತಿದ್ದೆ. ನಿನ್ನ ನಾಯಿ ಸ್ನಾಟಿ ನನ್ನನ್ನೂ ಮಂದೆಗೆ ಸೇರಿಸಿ ಅಟ್ಟಿತು. ಎದ್ದು ನಿಂತರೆ ಮಂದೆ ಬೆದರಿ ಚದುರೀತೆಂದು ದೊಡ್ಡಿಯವರೆಗೂ ಹಾಗೇ ಬಂದೆ. ನಾನೂ ಕುರಿ ಸಾಕಿದವನ ಮಗಳೇ ತಾನೆ!

ಕಿವಿಯಲ್ಲಿ ಕತ್ತರಿಸಿದ ಗುರುತು ನೋಡಿ ಅವರವರ ಕುರಿ ಬೇರ್ಪಡಿಸುವಾಗ ಪಕ್ಕದ ಮನೆಯ ಒಡ್ಗೇರ್ ಮಾವ ಎಲ್ಲರೆದುರು ನನ್ನ ಕಿವಿ ತಿರುಗಿಸಿ, "ಕಿವೀಲಿ ಯಾರ ಗುರುತೂ ಇಲ್ವಲ್ರೋ! ಯಾರ್ದ್ರಪ್ಪಾ ಈ ಕುರಿ?" ಎಂದಾಗ ಭೂಮಿ ಬಾಯಿಬಿಡಬಾರದೇ ಅನ್ನಿಸಿತು. ನನ್ನ ಕಲೆಯ ಮಾತೆತ್ತದೆ, ಮಗಳು ಬ್ಯಾಂಕಿನಲ್ಲಿದ್ದಾಳೆಂದು ನೀನು ಊರಿಗೆಲ್ಲ ಹೇಳಿಕೊಂಡು ಬಂದಿರುವುದು ನನಗೆ ಗೊತ್ತು. ಆದರೂ ನೀನೇ ಬೇಲಿ ಹಾರಿ ಬಂದೆ. "ನಮ್ದೇ ಕಣೋ. ಹುಟ್ಟಿದಾಗಿಂದ್ಲೂ ಹಿಂಗೇ" ಎಂದು ನನ್ನನ್ನು ನಮ್ಮ ಕುರಿಗಳ ಜೊತೆ ಒಳಗೆ ಬಿಟ್ಟೆ.

ಸ್ನಾಟಿಗೆ ಒಂದು ಮೂಳೆ ಹೆಚ್ಚಿಗೆ ಹಾಕು.

ಕ್ಯಾಮೆರಾ ಬೆಟ್ಟದ ಮೇಲೇ ಉಳಿದಿದ್ದರಿಂದ ನಿನ್ನ ಆ ಮಾತು ಅದರಲ್ಲಿ ಸಿಕ್ಕಿಲ್ಲ. ಶನಿವಾರ ಪ್ರದರ್ಶನ ಶುರು. ಒಳಗೆ ಬಂದು ನೋಡಲು ಮನಸ್ಸಿಲ್ಲದಿದ್ದರೆ ಬೇಡ, ಬಾಗಿಲಲ್ಲೇ ನಿಂತಿರು. ಇವಳು ಯಾರ ಮಗಳೆಂದು ಯಾರಾದರೂ ಕೇಳಿದರೆ, ಅದೊಂದು ಮಾತು ಇನ್ನೊಂದು ಸಲ ಹೇಳಿಬಿಡು.

ನಿನ್ನ ದೊಡ್ಡಿಯವಳು,
ಆಸ್ದಿಸ್