ಬೆಳ್ಳುಳ್ಳಿಯ ವಾಸನೆ

ರಶ್ತ್, ಬುಧವಾರ

ಮಾನ್ಯ ನಿರ್ದೇಶಕ ಫರ್‌ಹೂಮಂದ್ ಅವರಿಗೆ, ಸಲಾಂ.

ನನ್ನ ನಾಟಕದ ಕಂದಕದ ದೃಶ್ಯ ತಿದ್ದಿಕೊಡಲು ಹೇಳಿದ್ದೀರಿ. ನಾನು ತಿದ್ದುವುದಿಲ್ಲ. ಎದುರಿಗೆ ಹೇಳಲು ಬಾಯಿ ಬರಲಿಲ್ಲ, ಅದಕ್ಕೇ ಈ ಪತ್ರ.

ಹಸಿರು ಹೊಗೆ ಏಳಬೇಕು, ಸೈನಿಕರು "ವಿಷಾನಿಲ!" ಎಂದು ಕೂಗಿ ಗಂಟಲು ಹಿಡಿದು ಬೀಳಬೇಕು ಎಂದಿರಿ. ಇರಾಕಿನ ಶೆಲ್ಲುಗಳು ಬಿದ್ದ ಆ ಬೆಳಿಗ್ಗೆ ಅಪ್ಪನ ಕಂದಕದಲ್ಲಿ ಯಾರೂ ಕೂಗಲಿಲ್ಲ. ಬೆಳ್ಳುಳ್ಳಿಯ ವಾಸನೆ ಬಂತು, ಅಷ್ಟೆ. ಗೀಲಾನ್ ಪ್ರಾಂತ್ಯದ ನಮಗೆ ಅದು ಅಡುಗೆಮನೆಯ ವಾಸನೆ. "ಲೇ, ನಿಮ್ಮಮ್ಮ ಬದನೆಕಾಯಿ ಹುರಿಯೋಕೆ ಇಲ್ಲಿಗೇ ಬಂದ್ಬಿಟ್ಲೇನೋ?" ಎಂದು ಅಪ್ಪ ಗೆಳೆಯನನ್ನು ಛೇಡಿಸಿದರು. ಎಲ್ಲರೂ ನಗುತ್ತಾ ಉಸಿರೆಳೆದುಕೊಂಡರು. ಆ ವಾಸನೆಯೇ ವಿಷಾನಿಲ; ಕಣ್ಣು ಉರಿದು ಮೈಮೇಲೆ ಬೊಬ್ಬೆ ಎದ್ದದ್ದು ಸಂಜೆಗೆ.

ಆ ಮಾತನ್ನೇ ನಾನು ಬರೆದದ್ದು. "ಜನ ನಕ್ಕುಬಿಡ್ತಾರೆ, ನಸ್ತರನ್ ಖಾನುಂ" ಎಂದಿರಿ. ನಗಲಿ.

ಮಾತು ತೆಗೆದರೆ ನನ್ನ ಹೆಸರನ್ನೂ ತೆಗೆಯಿರಿ. ಉಳಿಸಿದರೆ, ಮೊದಲ ಪ್ರದರ್ಶನದಲ್ಲಿ ನಡುಸಾಲಿನ ಎರಡು ಆಸನ ನಮಗಿರಲಿ. ಅಪ್ಪನ ಆಮ್ಲಜನಕದ ಯಂತ್ರ ಸದ್ದು ಮಾಡುತ್ತದೆ. ಅದಕ್ಕಾಗಿ ನಾವು ಮೂಲೆಯಲ್ಲಿ ಕೂರುವುದಿಲ್ಲ.

ಇತಿ,
ನಸ್ತರನ್ ಪೂರ್‌ರಜಬ್